ಜ್ವರ ಇಳಿದೊಡನೆ ಮುಚ್ಚಿಹೋಗುವ ಕಡತ: ಹಾವೇರಿ ಜಿಲ್ಲಾ ಪಂಚಾಯಿತಿಯ ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿಗೆ ಬಹಿರಂಗ ಪತ್ರ



ಈ ಪತ್ರವನ್ನು ಜಿಲ್ಲಾ ಆರೋಗ್ಯಾಧಿಕಾರಿಗೆ ಬರೆಯದೆ ನಿಮಗೇ ಬರೆಯಲು ಕಾರಣವಿದೆ. ಹಳ್ಳಿಯ ನಲ್ಲಿ ನೀರು, ಶಾಲೆಯ ಬಿಸಿಯೂಟ, ಪ್ರಾಥಮಿಕ ಆರೋಗ್ಯ ಕೇಂದ್ರ, ಈ ಮೂರರ ಕಡತಗಳೂ ಕೊನೆಗೆ ಬಂದು ಬೀಳುವುದು ನಿಮ್ಮ ಮೇಜಿನ ಮೇಲೆ. ಟೈಫಾಯ್ಡ್ ಓಡಾಡುವುದೂ ಈ ಮೂರರ ನಡುವೆಯೇ. ಹಾನಗಲ್ಲ, ಶಿಗ್ಗಾವಿ, ಸವಣೂರು, ಹಿರೇಕೆರೂರು ತಾಲ್ಲೂಕುಗಳನ್ನು ಕಣ್ಣಮುಂದಿಟ್ಟುಕೊಂಡು ಬರೆಯುತ್ತಿದ್ದೇನೆ.

ಮಳೆಗಾಲದಲ್ಲಿ ನಮ್ಮ ಕಡೆ ಜ್ವರ ಬಂದವರ ಕೈಯಲ್ಲಿ ಒಂದು ಚೀಟಿ ಇದ್ದೇ ಇರುತ್ತದೆ: ವಿಡಾಲ್ ಪಾಸಿಟಿವ್. ಎರಡು ದಿನ ಸಲೈನ್, ಒಂದು ವಾರ ಗುಳಿಗೆ, ಮೆತ್ತನೆಯ ಅನ್ನ, ಎಳನೀರು. ಜ್ವರ ಇಳಿಯಿತೆಂದರೆ ಎಲ್ಲರ ಪಾಲಿಗೂ ಮುಗಿಯಿತು. ಆಮೇಲೆ ವರ್ಷಗಟ್ಟಲೆ ಸುಸ್ತಾದಾಗಲೆಲ್ಲ ‘ಟೈಫಾಯ್ಡ್ ಪೂರ್ತಿ ಹೋಗಿಲ್ಲ, ರಕ್ತದಾಗ ಉಳಿದೈತಿ’ ಎಂಬ ಮಾತು. ಮತ್ತೆ ವಿಡಾಲ್, ಮತ್ತೆ ಪಾಸಿಟಿವ್, ಮತ್ತೆ ಗುಳಿಗೆ.

ಫ್ರಾನ್ಸಿನ ಫೆರ್ನಾಂ ವಿಡಾಲ್ ಈ ಪರೀಕ್ಷೆಯನ್ನು ಕೊಟ್ಟದ್ದು 1896ರಲ್ಲಿ. ಅದು ಹುಡುಕುವುದು ರೋಗಾಣುವನ್ನಲ್ಲ, ಅದರ ವಿರುದ್ಧ ದೇಹ ಕಟ್ಟಿಕೊಂಡ ಪ್ರತಿಕಾಯಗಳನ್ನು. ಹಿಂದೆಂದೋ ತಗುಲಿದ ಸೋಂಕು, ಹಾಕಿಸಿಕೊಂಡ ಲಸಿಕೆ, ಬೇರೆಯೇ ಒಂದು ಜ್ವರ, ಯಾವುದರಿಂದಲೂ ಅದು ಪಾಸಿಟಿವ್ ಆಗಬಹುದು. ಹೀಗಾಗಿ ನಮ್ಮಲ್ಲಿ ‘ಹಳೇ ಟೈಫಾಯ್ಡ್’ ಎಂದು ಹಣೆಪಟ್ಟಿ ಹೊತ್ತವರಲ್ಲಿ ಬಹಳಷ್ಟು ಮಂದಿಯಲ್ಲಿ ರೋಗಾಣುವೇ ಇಲ್ಲ. ನಿಜವಾಗಿ ಇಟ್ಟುಕೊಂಡಿರುವವರಿಗೆ ಜ್ವರವೂ ಇಲ್ಲ, ಸುಸ್ತೂ ಇಲ್ಲ, ಚೀಟಿಯೂ ಇಲ್ಲ. ನಾನು ಬರೆಯುತ್ತಿರುವುದು ಈ ಎರಡನೆಯವರ ಬಗ್ಗೆ.

ಸಾಲ್ಮೊನೆಲ್ಲ ಟೈಫಿ ಎಂಬ ಈ ಬ್ಯಾಕ್ಟೀರಿಯಾಕ್ಕೆ ಮನುಷ್ಯನನ್ನು ಬಿಟ್ಟರೆ ಬೇರೆ ಆಸರೆಯಿಲ್ಲ. ಎಮ್ಮೆಯಲ್ಲಿಲ್ಲ, ಕೋಳಿಯಲ್ಲಿಲ್ಲ, ಇಲಿಯಲ್ಲಿಲ್ಲ. ಬೇಸಿಗೆಯಲ್ಲಿ ಒಂದೂ ಪ್ರಕರಣ ಕಾಣದ ಊರಿನಲ್ಲಿ ಮಳೆ ಹಿಡಿದ ಮೇಲೆ ಜ್ವರ ಎದ್ದಿತೆಂದರೆ, ನಡುವಿನ ತಿಂಗಳುಗಳಲ್ಲಿ ಅದು ಆ ಊರಿನವರದೋ ಬಂದುಹೋಗುವವರದೋ ಮೈಯೊಳಗೇ ಕಾಲ ಕಳೆದಿರಬೇಕು. ನೀರಿನಿಂದಲೋ ಊಟದಿಂದಲೋ ಒಳಹೊಕ್ಕ ರೋಗಾಣು ಸಣ್ಣಕರುಳನ್ನು ದಾಟಿ ರಕ್ತ ಸೇರಿ, ಯಕೃತ್ತಿನ ಮೂಲಕ ಪಿತ್ತಕೋಶಕ್ಕೆ ಬರುತ್ತದೆ. ಅಲ್ಲಿ ಕಲ್ಲುಗಳಿದ್ದರೆ ಅವುಗಳ ಮೇಲೆ ತೆಳು ಪೊರೆ ಕಟ್ಟಿಕೊಂಡು ಕೂರುತ್ತದೆ. ಆ ಪೊರೆಯೊಳಕ್ಕೆ ಔಷಧಿ ಸರಿಯಾಗಿ ಇಳಿಯುವುದಿಲ್ಲ. ಪಿತ್ತರಸ ಕರುಳಿಗೆ ಹರಿದಾಗ ರೋಗಾಣುವೂ ಹರಿದು ಮಲದಲ್ಲಿ ಹೊರಬೀಳುತ್ತದೆ, ಅದೂ ಪ್ರತಿದಿನವಲ್ಲ, ಬಿಟ್ಟುಬಿಟ್ಟು. ಸೋಂಕು ತಗುಲಿದ ನೂರರಲ್ಲಿ 1ರಿಂದ 5 ಮಂದಿ ವರ್ಷ ಕಳೆದರೂ ಹೀಗೆ ರೋಗಾಣು ಹೊರಹಾಕುತ್ತಲೇ ಇರುತ್ತಾರೆ. ಇವರೇ ವಾಹಕರು. ಕೆಲವರು ಜೀವಮಾನವಿಡೀ. ಪಿತ್ತಕೋಶದ ಕಲ್ಲು ಹೆಂಗಸರಲ್ಲಿ, ಅದರಲ್ಲೂ ನಡುವಯಸ್ಸು ದಾಟಿದವರಲ್ಲಿ ಹೆಚ್ಚು. ದೀರ್ಘಕಾಲದ ವಾಹಕರಲ್ಲೂ ಅವರೇ ಹೆಚ್ಚು. ವಾಹಕರಿಗೆ ಪಿತ್ತಕೋಶದ ಕ್ಯಾನ್ಸರ್ ಬರುವ ಸಂಭವವೂ ಉಳಿದವರಿಗಿಂತ ಜಾಸ್ತಿ. ಆದ್ದರಿಂದ ವಾಹಕರನ್ನು ಹುಡುಕುವುದು ಊರಿನ ಹಿತಕ್ಕಾಗಿ ಎಷ್ಟೋ, ಅವರ ಹಿತಕ್ಕಾಗಿಯೂ ಅಷ್ಟೇ.

ನಡುವಯಸ್ಸಿನ ಹೆಂಗಸರು ಎಂದೊಡನೆ ನಿಮಗೂ ಬಿಸಿಯೂಟದ ಅಡುಗೆಮನೆ ನೆನಪಾಗಿರಬಹುದು. ಇಲ್ಲೇ ಒಂದು ಎಚ್ಚರಿಕೆ ಹೇಳಿಬಿಡುತ್ತೇನೆ. ಚೆನ್ನಾಗಿ ಬೆಂದ ಯಾವ ಅಡುಗೆಯಲ್ಲೂ ಈ ರೋಗಾಣು ಬದುಕುವುದಿಲ್ಲ. ಕುದಿದ ಸಾರು, ಬಿಸಿ ಅನ್ನ, ಹಂಚಿನಿಂದ ಇಳಿದ ರೊಟ್ಟಿಯಿಂದ ಭಯವಿಲ್ಲ. ಭಯವಿರುವುದು ಆಮೇಲೆ ಕೈ ತಾಕುವ ಪದಾರ್ಥಗಳಲ್ಲಿ: ಕೋಸಂಬರಿ, ಮಜ್ಜಿಗೆ, ಪಾನಕ, ಸಂತೆಯಲ್ಲಿ ಹಸಿ ಈರುಳ್ಳಿ ಹಾಕಿ ಕೈಯಲ್ಲೇ ಕಲಸಿಕೊಡುವ ಗಿರ್ಮಿಟ್. ಬಿಸಿಯೂಟದ ಅನ್ನ ಸಾರಿಗಿಂತ ಬಸ್ ನಿಲ್ದಾಣದ ಗಿರ್ಮಿಟ್ ಬಗ್ಗೆ ನನಗೆ ಹೆಚ್ಚು ಚಿಂತೆ. (ತಿನ್ನುವುದನ್ನು ಬಿಟ್ಟಿಲ್ಲ ಎಂಬುದು ಬೇರೆ ಮಾತು.)

ಟೈಫಾಯ್ಡ್ ವಾಹಕಿಯಾಗಿದ್ದ ನ್ಯೂಯಾರ್ಕಿನ ಅಡುಗೆಯಾಕೆ ಮೇರಿ ಮ್ಯಾಲನ್ ವಿಷಯದಲ್ಲೂ ಅನುಮಾನ ಬಿದ್ದದ್ದು ಬೇಯಿಸದ ಹಣ್ಣು ಕತ್ತರಿಸಿ ಹಾಕಿದ ಐಸ್‌ಕ್ರೀಮಿನ ಮೇಲೆ. ಆಕೆಯ ಕಥೆಯನ್ನು ಎಲ್ಲರೂ ಒಬ್ಬ ಹಟಮಾರಿಯ ಕಥೆಯಾಗಿ ಹೇಳುತ್ತಾರೆ. ನಾನು ಓದುವುದು ಕೂಲಿಯ ಕಥೆಯಾಗಿ. 1907ರಲ್ಲಿ ಹಿಡಿದು ದ್ವೀಪವೊಂದರ ಆಸ್ಪತ್ರೆಯಲ್ಲಿಟ್ಟರು. ಇನ್ನು ಅಡುಗೆ ಮಾಡುವುದಿಲ್ಲ ಎಂದು ಮಾತು ಕೊಟ್ಟ ಮೇಲೆ 1910ರಲ್ಲಿ ಬಿಟ್ಟರು. ಹೊರಗೆ ಸಿಕ್ಕ ಬಟ್ಟೆ ಒಗೆಯುವ ಕೆಲಸದಲ್ಲಿ ಅಡುಗೆಯಷ್ಟು ಹಣವಿರಲಿಲ್ಲ. ಹೆಸರು ಬದಲಿಸಿಕೊಂಡು ಒಂದು ಹೆರಿಗೆ ಆಸ್ಪತ್ರೆಯ ಅಡುಗೆಮನೆ ಸೇರಿದಳು, ಅಲ್ಲಿ ಮತ್ತೆ ಜ್ವರ ಎದ್ದಿತು, 1915ರಿಂದ ಸಾಯುವ ತನಕ, ಅಂದರೆ 1938ರ ತನಕ, ಅದೇ ದ್ವೀಪ. ಆಕೆ ಸಾಯುವ ವೇಳೆಗೆ ನಗರದಲ್ಲಿ ಪತ್ತೆಯಾಗಿದ್ದ ವಾಹಕರ ಸಂಖ್ಯೆ 400 ದಾಟಿತ್ತು. ಅವರ್ಯಾರನ್ನೂ ಹಾಗೆ ಜೀವನಪೂರ್ತಿ ಕೂಡಿಹಾಕಿರಲಿಲ್ಲ. ಇಂಗ್ಲೆಂಡಿನ ಎಪ್ಸಮ್ ಬಳಿಯ ಲಾಂಗ್ ಗ್ರೋವ್ ಮಾನಸಿಕ ಆಸ್ಪತ್ರೆಯಲ್ಲೂ ವಾಹಕರೆಂಬ ಕಾರಣಕ್ಕೆ ಹತ್ತಾರು ಹೆಂಗಸರು ದಶಕಗಳನ್ನು ಕಳೆದರು.

ನಮ್ಮಲ್ಲಿ ಬೀಗ ಹಾಕುವ ಅಗತ್ಯವೂ ಬೀಳುವುದಿಲ್ಲ. ದಲಿತ ಹೆಂಗಸು ಅಡುಗೆ ಮಾಡಿದಳೆಂದು ಮಕ್ಕಳನ್ನು ಊಟಕ್ಕೆ ಕಳಿಸದ ಊರುಗಳನ್ನು ಕಂಡ ರಾಜ್ಯ ಇದು. ‘ಈಕೆಯ ಹೊಟ್ಟೆಯಲ್ಲಿ ಟೈಫಾಯ್ಡ್ ಇದೆ’ ಎಂಬ ಒಂದು ಕಾಗದ ಶಾಲಾಭಿವೃದ್ಧಿ ಸಮಿತಿಯ ಕೈಗೆ ಸಿಕ್ಕರೆ ಅದು ಏನಾಗುತ್ತದೆಂದು ವಿವರಿಸಬೇಕಿಲ್ಲ. ಬಿಸಿಯೂಟದವರಿಗೆ ಬರುವುದು ಸಂಬಳವಲ್ಲ, ಗೌರವಧನ. ಅದೂ ನಿಂತುಹೋಗುತ್ತದೆ ಎಂದಾದರೆ ಯಾವ ತಾಯಿ ತಾನಾಗಿ ಮಲಪರೀಕ್ಷೆಗೆ ಬರುತ್ತಾಳೆ? ಮೊದಲು ಗೌರವಧನದ ಭರವಸೆ, ಆಮೇಲೆ ಪರೀಕ್ಷೆ. ಈ ಕ್ರಮ ತಲೆಕೆಳಗಾದರೆ ಯೋಜನೆಯೇ ಬೇಡ.

ನೀವು ಕೇಳಬಹುದು: ಚರಂಡಿಯೂ ಕುಡಿಯುವ ನೀರಿನ ಪೈಪೂ ಒಂದೇ ಗುಂಡಿಯಲ್ಲಿ ಮಲಗಿರುವ ಊರಿನಲ್ಲಿ ವಾಹಕರನ್ನು ಹುಡುಕಿ ಏನುಪಯೋಗ? ಪ್ರಶ್ನೆ ನ್ಯಾಯವಾದದ್ದು. ಚಿಲಿ ದೇಶದ ಸಾಂಟಿಯಾಗೊ ನಗರದಲ್ಲಿ ತರಕಾರಿ ಹೊಲಗಳಿಗೆ ಕೊಳಚೆ ನೀರು ಹರಿಸುತ್ತಿದ್ದರು. 1991ರಲ್ಲಿ ಕಾಲರಾಕ್ಕೆ ಹೆದರಿ ಅದನ್ನು ನಿಲ್ಲಿಸಿದೊಡನೆ ಟೈಫಾಯ್ಡ್ ಕುಸಿದುಬಿತ್ತು. ವಾಹಕರು ಮಾತ್ರ ಎಲ್ಲೂ ಹೋಗಿರಲಿಲ್ಲ. ಹಾಗಾಗಿ ನೀರೇ ಮೊದಲು, ನಾನೂ ಒಪ್ಪುತ್ತೇನೆ. ನಲ್ಲಿಯ ಕೊನೆಯ ಮನೆಯಲ್ಲೂ ಲೀಟರಿಗೆ 0.2 ಮಿಲಿಗ್ರಾಂ ಕ್ಲೋರಿನ್ ಉಳಿದಿರಬೇಕೆಂಬುದು ಮಾನದಂಡ. ಅಳೆಯಬೇಕಾದದ್ದು ಓವರ್‌ಹೆಡ್ ಟ್ಯಾಂಕಿನ ಬುಡದಲ್ಲಲ್ಲ, ಆ ಕೊನೆಯ ಮನೆಯಲ್ಲಿ. ಆದರೆ ಜಲಜೀವನ ಮಿಷನ್, ಬಹುಗ್ರಾಮ ಯೋಜನೆಗಳ ಪೈಪುಗಳು ಊರೂರಿಗೆ ಬರುತ್ತಿವೆ. ನೀರು ಸುಧಾರಿಸಿದಷ್ಟೂ ಊರೆಲ್ಲ ಒಟ್ಟಿಗೆ ಮಲಗುವ ಜ್ವರ ಕಡಿಮೆಯಾಗುತ್ತದೆ, ಒಂದು ಮದುವೆ, ಒಂದು ಖಾನಾವಳಿ, ಒಂದು ಮನೆಯ ಜ್ವರ ಉಳಿಯುತ್ತದೆ. ಮೇರಿ ಮ್ಯಾಲನ್ ಕಣ್ಣಿಗೆ ಬಿದ್ದದ್ದು ಸಿರಿವಂತರ ಮನೆಗಳಲ್ಲಿ, ಟೈಫಾಯ್ಡ್ ಅಲ್ಲಿ ಅಪರೂಪವಾಗಿದ್ದರಿಂದಲೇ. ನಮ್ಮ ತಾಲ್ಲೂಕುಗಳು ಈಗ ಆ ಕಡೆಗೇ ಹೊರಟಿವೆ.

ಕೇಳುವುದು ದೊಡ್ಡದೇನಲ್ಲ. ಈಗ ಹಾವೇರಿಯಲ್ಲೇ ವೈದ್ಯಕೀಯ ಕಾಲೇಜಿದೆ, ಸೂಕ್ಷ್ಮಜೀವಿ ವಿಭಾಗವೂ ಅದರೊಂದಿಗೆ ಬಂದಿದೆ. ನಾಲ್ಕು ತಾಲ್ಲೂಕು ಆಸ್ಪತ್ರೆಗಳಲ್ಲಿ ಟೈಫಾಯ್ಡ್ ಶಂಕೆ ಬಂದಾಗ ಮೊದಲ ಗುಳಿಗೆ ನುಂಗಿಸುವ ಮುನ್ನ ರಕ್ತದ ಕಲ್ಚರ್‌ಗೆ (ರೋಗಾಣುವನ್ನೇ ಬೆಳೆಸಿ ನೋಡುವ ಪರೀಕ್ಷೆಗೆ) ಮಾದರಿ ತೆಗೆದು ಅಲ್ಲಿಗೆ ಕಳಿಸುವ ವ್ಯವಸ್ಥೆ ಮಾಡಿಸಿ. ಕಲ್ಚರೂ ಸುಮಾರು ಅರ್ಧದಷ್ಟು ಪ್ರಕರಣಗಳನ್ನು ತಪ್ಪಿಸಿಕೊಳ್ಳುತ್ತದೆ, ಆದರೆ ಅದು ಹೌದೆಂದರೆ ಹೌದೇ. ಹಾಗೆ ಖಚಿತವಾದವರ ಹೆಸರು ಆಶಾ ಕಾರ್ಯಕರ್ತೆಯ ಪುಸ್ತಕದಲ್ಲಿ ಒಂದು ವರ್ಷವಾದರೂ ಉಳಿಯಲಿ. ಚಿಕಿತ್ಸೆ ಮುಗಿದ ಮೇಲೆ ದಿನ ಬಿಟ್ಟು ಕನಿಷ್ಠ ಮೂರು ಸಲ ಮಲದ ಕಲ್ಚರ್, ವರ್ಷ ಕಳೆದ ಮೇಲೆ ಮತ್ತೊಮ್ಮೆ. ಒಂದೇ ಸಲ ನೋಡಿ ‘ಇಲ್ಲ’ ಎಂದರೆ ನಂಬುವಂತಿಲ್ಲ. ಕ್ಷಯ ರೋಗಿಯನ್ನು ತಿಂಗಳುಗಟ್ಟಲೆ ಹಿಂಬಾಲಿಸಲು ಬರುವ ಇಲಾಖೆಗೆ ಇದು ಬಾರದ ವಿದ್ಯೆಯಲ್ಲ. ವಾಹಕರೆಂದು ಗೊತ್ತಾದವರಿಗೆ ಪಿತ್ತಕೋಶದ ಸ್ಕ್ಯಾನಿಂಗ್, ಕಲ್ಚರ್ ಹೇಳಿದಂತೆ ನಾಲ್ಕು ವಾರಗಳ ಔಷಧಿ, ಕಲ್ಲಿದ್ದು ವೈದ್ಯರು ಬೇಕೆಂದರೆ ಶಸ್ತ್ರಚಿಕಿತ್ಸೆ. ಇಂಥ ಚಿಕಿತ್ಸೆಗೆ ಬಳಸುತ್ತಿದ್ದ ಸಿಪ್ರೊಫ್ಲಾಕ್ಸಸಿನ್ ನಮ್ಮ ದೇಶದ ಬಹುಪಾಲು ತಳಿಗಳ ಮುಂದೆ ಈಗ ಸೋಲುತ್ತಿದೆ. ಕಲ್ಚರ್ ಇಲ್ಲದೆ ಔಷಧಿ ಬರೆಯುವುದಕ್ಕೆ ಈ ಸೋಲಿನಲ್ಲಿ ಪಾಲಿದೆ.

ಇನ್ನು ಲಸಿಕೆ. ಹೈದರಾಬಾದಿನ ಭಾರತ್ ಬಯೋಟೆಕ್ ತಯಾರಿಸಿದ ಟೈಫಾಯ್ಡ್ ಕಾಂಜುಗೇಟ್ ಲಸಿಕೆಯನ್ನು ನವಿ ಮುಂಬಯಿ ಪಾಲಿಕೆ 2018ರಲ್ಲೇ ಮಕ್ಕಳಿಗೆ ಕೊಟ್ಟಿತು. ಆಹಾರ ಮುಟ್ಟುವ ಕೆಲಸಗಾರರಿಗೆ ವರ್ಷಕ್ಕೊಮ್ಮೆ ತಪಾಸಣೆ ಮತ್ತು ಟೈಫಾಯ್ಡ್ ಗುಂಪಿನ ಜ್ವರಗಳ ವಿರುದ್ಧ ಲಸಿಕೆ ಆಗಬೇಕೆಂದು ಆಹಾರ ಸುರಕ್ಷತೆಯ 2011ರ ನಿಯಮಗಳೇ ಹೇಳುತ್ತವೆ. ಲಸಿಕೆ ವಾಹಕರನ್ನು ಗುಣಪಡಿಸುವುದಿಲ್ಲ, ಅವರ ಸುತ್ತಲಿನವರನ್ನು ಕಾಯುತ್ತದೆ. ಅದನ್ನು ಯಾರಿಗೆ ಮೊದಲು ಕೊಡಬೇಕೆಂದು ಕೇಳಿದರೆ ನನ್ನ ಉತ್ತರ ಸವಣೂರಿನಲ್ಲಿದೆ. 2010ರ ಜುಲೈನಲ್ಲಿ, ಮಲ ಹೊರುವ ಕೆಲಸಕ್ಕೆ ದೂಡಲ್ಪಟ್ಟಿದ್ದ ಅಲ್ಲಿನ ಭಂಗಿ ಸಮುದಾಯದವರು ಒಕ್ಕಲೆಬ್ಬಿಸುವುದನ್ನು ವಿರೋಧಿಸಿ ಪುರಸಭೆಯ ಎದುರು ಮೈಮೇಲೆ ಮಲ ಸುರಿದುಕೊಂಡರು. ರಾಜ್ಯ ತಲೆತಗ್ಗಿಸಿತು, 2013ರಲ್ಲಿ ಮಲ ಹೊರುವುದನ್ನು ತಡೆಯುವ ಹೊಸ ಕಾನೂನೂ ದೇಶಕ್ಕೆ ಬಂತು. ಊರಿನ ವಾಹಕರೆಲ್ಲ ಹೊರಹಾಕುವ ರೋಗಾಣು ಮೊದಲು ತಲುಪುವುದು ಚರಂಡಿಗೆ ಇಳಿಯುವವರ, ಸೆಪ್ಟಿಕ್ ಟ್ಯಾಂಕಿನ ಕೊಳವೆ ಹಿಡಿಯುವವರ ಕೈಗೆ. ಪುರಸಭೆಗಳು ನಿಮ್ಮ ಅಧೀನದಲ್ಲಿಲ್ಲ, ಗೊತ್ತು. ಜಿಲ್ಲಾಧಿಕಾರಿಗಳ ಕಚೇರಿ ದೂರವೇನಿಲ್ಲ.

ಬರುವ ಶಾಲಾ ವರ್ಷ ಶುರುವಾಗುವ ಮುನ್ನ ಒಂದು ಪುಟದ ಆದೇಶ ಹೊರಡಿಸಿ. ಪರೀಕ್ಷೆಗೆ ಬಂದ ಬಿಸಿಯೂಟದ ಯಾವ ಸಿಬ್ಬಂದಿಯ ಗೌರವಧನವೂ ನಿಲ್ಲುವುದಿಲ್ಲ. ಫಲಿತಾಂಶ ವೈದ್ಯರಿಗೂ ಆಕೆಗೂ ಬಿಟ್ಟು ಮತ್ಯಾರಿಗೂ ತಿಳಿಯುವುದಿಲ್ಲ. ವಾಹಕಿಯೆಂದು ಗೊತ್ತಾದರೆ ಗುಣವಾಗುವ ತನಕ ಆಕೆಗೆ ಬೆಂಕಿಯ ಮುಂದಿನ ಕೆಲಸವೋ ದಾಸ್ತಾನಿನ ಲೆಕ್ಕವೋ ಕೊಡಲಾಗುವುದು, ಕತ್ತರಿಸುವ, ಬಡಿಸುವ ಕೆಲಸ ಬೇರೆಯವರದು. ಕಲ್ಚರ್ ಮಾದರಿಗಳನ್ನು ಹಾವೇರಿಗೆ ಒಯ್ಯುವ ಗಾಡಿ ಯಾವುದು, ವಾರದ ಯಾವ ದಿನ ಎಂಬುದನ್ನೂ ಅದರಲ್ಲೇ ಬರೆಯಿಸಿ.

ಇಂತಿ,
ಹಾನಗಲ್ಲ ತಾಲ್ಲೂಕಿನ ಒಬ್ಬ ನಾಗರಿಕ