ಠಾಣೆಯ ಅಂಗಳವೋ, ಗುಜರಿ ಅಂಗಡಿಯೋ?

ಬೆಳಿಗ್ಗೆ ಬಸ್ಸಿನ ಕಿಟಕಿ ಪಕ್ಕ ಕೂತು ಪೇಟೆಗೆ ಬರುವವರಿಗೆ ಈ ನೋಟ ಹೊಸದಲ್ಲ. ಪೊಲೀಸ್ ಠಾಣೆಯ ಕಾಂಪೌಂಡಿನಲ್ಲಿ ಗಾಳಿ ಹೋದ ಆಟೋ, ಮೂತಿ ಜಜ್ಜಿದ ಟೆಂಪೋ, ಬಳ್ಳಿ ಹಬ್ಬಿದ ಬೈಕು. ಎಲ್ಲವೂ ಕೇಸಿನ ಗಾಡಿಗಳು. ಕೇಸು ಮುಗಿಯುವ ಹೊತ್ತಿಗೆ ಗಾಡಿಯೇ ಮುಗಿದಿರುತ್ತೆ!

ಹೀಗೆ ಕೊಳೆಹಾಕಿ ಅಂತ ಯಾರೂ ಹೇಳಿಲ್ಲ. ಹೇಳಿರುವುದು ತದ್ವಿರುದ್ಧ. ಹಿಡಿದ ವಾಹನವನ್ನು ಠಾಣೆಯಲ್ಲಿ ಬಹುಕಾಲ ಇಟ್ಟುಕೊಂಡು ಪ್ರಯೋಜನವಿಲ್ಲ, ತಕ್ಕ ಮುಚ್ಚಳಿಕೆ, ಜಾಮೀನು ಪಡೆದು ಬೇಗ ಬಿಡಿ, ಹದಿನೈದು ದಿನ, ಹೆಚ್ಚೆಂದರೆ ಒಂದು ತಿಂಗಳು ಸಾಕು ಎಂದು ಸುಪ್ರೀಂ ಕೋರ್ಟು 2002ರಲ್ಲೇ ತೀರ್ಪಿತ್ತಿದೆ. ಆ ಮೊಕದ್ದಮೆ ಬಂದದ್ದು ಗುಜರಾತಿನಿಂದ. ಠಾಣೆಯಲ್ಲಿದ್ದ ಮುದ್ದೇಮಾಲನ್ನು ಪೊಲೀಸರೇ ನುಂಗಿದರೆಂಬ ಆರೋಪದ ಕೇಸು ಅದು! ಅದಕ್ಕೂ ಮೊದಲು, 1977ರಲ್ಲಿ, ನಮ್ಮ ರಾಜ್ಯದ ಹೆಣ್ಣುಮಗಳೊಬ್ಬಳ ಒಡವೆ ಪೊಲೀಸರ ವಶದಲ್ಲಿದ್ದಾಗಲೇ ಕಾಣೆಯಾದದ್ದಕ್ಕೆ ಸರ್ಕಾರವೇ ಬೆಲೆ ಕಟ್ಟಿಕೊಡಬೇಕೆಂದು ಅದೇ ಕೋರ್ಟು ಹೇಳಿತ್ತು.

ಈಗ ಕಾನೂನಿನ ಹೊತ್ತಿಗೆಯೇ ಬದಲಾಗಿದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆಯ 497ನೇ ಕಲಮಿನಂತೆ, ಮಾಲು ಕೋರ್ಟಿನ ಮುಂದೆ ಬಂದ 14 ದಿನದೊಳಗೆ ಅದರ ವಿವರಪಟ್ಟಿ ಆಗಬೇಕು, ಫೋಟೋ ಅಥವಾ ವಿಡಿಯೋ ತೆಗೆಸಬೇಕು. ಅಲ್ಲಿಂದ 30 ದಿನದೊಳಗೆ ಅದು ಯಾರಿಗೆ, ಏನು ಎಂಬ ಆದೇಶ ಆಗಬೇಕು. ಮುಂದೆ ಸಾಕ್ಷಿಗೆ ಆ ಫೋಟೋ ಸಾಕು. ತುಕ್ಕು ಹಿಡಿದ ಗಾಡಿ ಎಂಟು ವರ್ಷ ಮಳೆಯಲ್ಲಿ ನಿಂತು ಯಾವ ಸಾಕ್ಷಿ ಹೇಳೀತು?

ತರಕಾರಿ ಸಾಗಿಸುವ ಟೆಂಪೋ ಒಂದು ಕೇಸಿಗೆ ಸಿಕ್ಕಿತು ಅಂತಿಟ್ಟುಕೊಳ್ಳಿ. ಗಾಡಿ ನಿಂತರೂ ಬ್ಯಾಂಕಿನ ಕಂತು ನಿಲ್ಲೋಲ್ಲ. ಮಾಲೀಕ ಠಾಣೆಗೆ ಹೋದರೆ "ಸಾಹೇಬ್ರು ಬಂದೋಬಸ್ತಿಗೆ ಹೋಗಿದ್ದಾರೆ, ನಾಳೆ ಬಾ". ನಾಳೆ ಹೋದರೆ ಬ್ರೇಕ್ ಇನ್ಸ್‌ಪೆಕ್ಟರ್ ರಿಪೋರ್ಟು ಬಂದಿಲ್ಲ. ಅಷ್ಟರಲ್ಲಿ ಹೊರಗಿನ ಚಹಾದಂಗಡಿಯಲ್ಲಿ "ನಾನು ಬಿಡಿಸಿಕೊಡ್ತೀನಿ" ಅನ್ನುವವನು ಸಿಕ್ಕೇ ಸಿಗ್ತಾನೆ. ಆರ್.ಸಿ., ಇನ್ಷೂರೆನ್ಸ್ ಹಿಡಿದು ವಕೀಲರ ಮೂಲಕ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕಿದರೆ ಸಾಕೆಂದು ಪಾಪ, ಅವನಿಗೆ ಯಾರೂ ಹೇಳಿರೋಲ್ಲ. ಗಾಡಿ ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ತಂದು ತೋರಿಸಬೇಕು. ಕೋರ್ಟು ಹಾಕುವ ಷರತ್ತುಗಳು ಸಾಮಾನ್ಯವಾಗಿ ಇಂಥವೇ.

ಹಾಗಂತ ಎಲ್ಲ ಗಾಡಿಯನ್ನೂ ಕೇಳಿದ ಕೂಡಲೇ ಬಿಡಬೇಕೆಂದಲ್ಲ. ಇನ್ಷೂರೆನ್ಸ್ ಇಲ್ಲದ ಲಾರಿ ಯಾರದೋ ಕಾಲು ಮುರಿದಿದ್ದರೆ ಆ ಮನೆಯವರಿಗೆ ಪರಿಹಾರ ಕೊಡುವವರು ಯಾರು? ಅಂಥ ವಾಹನವನ್ನು ಸಾಕಷ್ಟು ಭದ್ರತೆ ಇಲ್ಲದೆ ಬಿಡಕೂಡದೆಂದು ನಿಯಮ ತರಲು 2018ರಲ್ಲಿ ಸುಪ್ರೀಂ ಕೋರ್ಟೇ ರಾಜ್ಯಗಳಿಗೆ ಹೇಳಿದೆ. ಅದು ಸರಿಯೇ. ಅರಣ್ಯ, ಅಬಕಾರಿ ಕೇಸುಗಳ ದಾರಿಯೂ ಬೇರೆ. ಅಲ್ಲಿ ಮುಟ್ಟುಗೋಲು ಹಾಕುವ ಅಧಿಕಾರ ಇಲಾಖೆಯ ಅಧಿಕಾರಿಗೇ ಇದೆ.

ತಪ್ಪು ಪೊಲೀಸರದೊಂದೇ ಅಲ್ಲ. ಕೋರ್ಟಿನ ಆದೇಶವಿಲ್ಲದೆ ಅವರು ಬಿಟ್ಟರೆ ಅದೂ ತಪ್ಪೇ. ಎಷ್ಟೋ ಹಳೇ ಬೈಕುಗಳನ್ನು ಕೇಳಿಕೊಂಡು ಮಾಲೀಕರೇ ಬರೋಲ್ಲ, ವಿಮಾ ಕಂಪನಿಯೂ ಬರೋಲ್ಲ. ಅವನ್ನು ಆರು ತಿಂಗಳೊಳಗೆ ಮಾರಿಸಿ ಎಂದೂ 2002ರ ತೀರ್ಪಿನಲ್ಲಿದೆ. ಅದಕ್ಕೆ ಕೋರ್ಟಿಗೆ ಪಟ್ಟಿ ಕೊಡಬೇಕಾದವರು ಮಾತ್ರ ಠಾಣೆಯವರೇ.

ಠಾಣೆಯ ಗೋಡೆಯ ಮೇಲೆ "ಕಳ್ಳರಿದ್ದಾರೆ ಎಚ್ಚರಿಕೆ" ಬೋರ್ಡಿಗೆ ಜಾಗ ಇದೆ. ಅದರ ಪಕ್ಕದಲ್ಲೇ ಗಾಡಿ ಬಿಡಿಸಲು ಯಾವ ಕೋರ್ಟಿಗೆ ಹೋಗಬೇಕು, ಯಾವ ಕಾಗದ ಬೇಕು ಅಂತ ನಾಲ್ಕು ಸಾಲು ಬರೆಸಲಿ. ಒಂದು ಡಬ್ಬಿ ಬಣ್ಣದ ಖರ್ಚು.