ಮಿತಿ ಮೀರಿದ ಮೂಟೆ

ಬೆಂಗಳೂರು ರೋಸ್ ಎಂಬ ಈರುಳ್ಳಿಯನ್ನು ಬೆಂಗಳೂರಿನವರೇ ಹೆಚ್ಚು ತಿನ್ನುವುದಿಲ್ಲ. ಚಿಕ್ಕಬಳ್ಳಾಪುರ, ಚಿಂತಾಮಣಿ, ಶಿಡ್ಲಘಟ್ಟ, ಗೌರಿಬಿದನೂರು ಸೀಮೆಯಲ್ಲಿ ಬೆಳೆಯುವ ಈ ಗುಲಾಬಿ ಬಣ್ಣದ ಪುಟ್ಟ ಗಡ್ಡೆ ಇಲ್ಲಿನ ಹುಳಿ-ಸಾರಿಗಿಂತ ಮಲೇಷಿಯಾ, ಸಿಂಗಪುರದ ಅಡುಗೆಗೆ ಹೆಚ್ಚು ಒಗ್ಗಿದೆ. ಹಡಗು ಹೊರಟರೆ ರೈತನಿಗೆ ಕಾಸು. ಹಡಗು ನಿಂತರೆ?

2019ರ ಸೆಪ್ಟೆಂಬರ್ 29ರಂದು ಆದದ್ದು ಅದೇ. ಕೇಂದ್ರ ಸರ್ಕಾರ ಅಂದು ಈರುಳ್ಳಿ ರಫ್ತನ್ನು ನಿಷೇಧಿಸಿತು. ಜೊತೆಗೇ ದಾಸ್ತಾನಿಗೂ ಮಿತಿ ಹಾಕಿತು. ಸಗಟು ವ್ಯಾಪಾರಿಗೆ 50 ಟನ್, ಚಿಲ್ಲರೆಯವನಿಗೆ 10 ಟನ್. ಕಿಲೋಗೆ ನೂರು ರೂಪಾಯಿ ದಾಟಿದ ಆ ಡಿಸೆಂಬರ್‌ನಲ್ಲಿ ಮಿತಿ 25 ಟನ್‌ಗೆ ಇಳಿಯಿತು. ಚಿಲ್ಲರೆ ಅಂಗಡಿಗೆ ಮೊದಲು ಐದು, ವಾರದೊಳಗೆ ಎರಡೇ ಟನ್. 2020ರ ಅಕ್ಟೋಬರ್ 23ರಂದು ಮತ್ತೆ ಅದೇ 25 ಮತ್ತು 2, ಡಿಸೆಂಬರ್ ಕೊನೆಯವರೆಗೆ. ರೋಸ್ ಈರುಳ್ಳಿಗೆ ರಫ್ತಿನ ಬಾಗಿಲನ್ನು ನಡುವೆ ಸ್ವಲ್ಪ ತೆರೆದದ್ದುಂಟು: 2019ರಲ್ಲಿ 9,000 ಟನ್, 2020ರಲ್ಲಿ ಚೆನ್ನೈ ಬಂದರಿನಿಂದ ಮಾತ್ರ 10,000 ಟನ್.

25 ಟನ್ ಎಂದರೆ 50 ಕಿಲೋ ತೂಕದ 500 ಮೂಟೆ, ಎರಡು-ಮೂರು ಲಾರಿ ಲೋಡು. ನಿನ್ನೆ ನ್ಯಾಯವಾಗಿದ್ದ ರಾಶಿ ಇಂದು ಅಪರಾಧವಾಗಬಹುದು. ಈರುಳ್ಳಿ ರಾಗಿಯಂತೆ ಹಗೇವಿನಲ್ಲಿ ವರ್ಷಗಟ್ಟಲೆ ಕೂರುವ ಪದಾರ್ಥವೂ ಅಲ್ಲ. ಅದು ಜೀವವಿರುವ ಗಡ್ಡೆ. ಕಿತ್ತ ಮೇಲೂ ಉಸಿರಾಡುತ್ತದೆ, ನೀರು ಕಳೆದುಕೊಂಡು ತೂಕ ಇಳಿಯುತ್ತದೆ. ಗಾಳಿಯಾಡದ ಷೆಡ್ಡಿನಲ್ಲಿ ಕಪ್ಪು ಬೂಷ್ಟು ಹಿಡಿಯುತ್ತದೆ, ಇಲ್ಲವೇ ಮೊಳಕೆ ಒಡೆಯುತ್ತದೆ. ಅದನ್ನು ಬಚ್ಚಿಟ್ಟು ಬೆಲೆ ಏರಿಸುವವನು ಕೆಲವು ವಾರಗಳ ಜೂಜಾಡುತ್ತಾನೆ, ಅಷ್ಟೆ. ಆದರೆ ಆ ಕೆಲವು ವಾರಗಳಲ್ಲೇ ಕೂಲಿಯವರ ಮನೆಯ ಒಗ್ಗರಣೆ ನಿಂತುಹೋಗುತ್ತದೆ.

ಸಿಕ್ಕಿಬಿದ್ದರೆ ದಂಡ ಕಟ್ಟಿ ಬರಬಹುದು ಎಂಬ ಮಾತು ಮಂಡಿಗಳಲ್ಲಿ ಇದ್ದೇ ಇದೆ. ಅದು ತಪ್ಪು. 1955ರ ಅಗತ್ಯ ವಸ್ತುಗಳ ಕಾಯಿದೆಯ 7ನೇ ಸೆಕ್ಷನ್ ಪ್ರಕಾರ ದಾಸ್ತಾನು ಮಿತಿ ಮೀರಿದವನಿಗೆ ಕನಿಷ್ಠ ಮೂರು ತಿಂಗಳು, ಗರಿಷ್ಠ ಏಳು ವರ್ಷ ಜೈಲು. ದಂಡ ಅದರ ಜೊತೆಗೆ. ಮೂರು ತಿಂಗಳಿಗಿಂತ ಇಳಿಸಬೇಕಾದರೆ ನ್ಯಾಯಾಧೀಶರು ವಿಶೇಷ ಕಾರಣ ಕೊಡಬೇಕು. ಎರಡನೆಯ ಸಲ ಅದೇ ತಪ್ಪು ಮಾಡಿದರೆ ಕನಿಷ್ಠ ಶಿಕ್ಷೆ ಆರು ತಿಂಗಳು, ಜೊತೆಗೆ ಆ ಸರಕಿನ ವ್ಯಾಪಾರವನ್ನೇ ಆರು ತಿಂಗಳಿಗೆ ಕಡಿಮೆಯಿಲ್ಲದಂತೆ ಬಿಡಬೇಕು. ಲೆಕ್ಕದ ಪುಸ್ತಕ ಇಡಬೇಕೆಂಬ ಆದೇಶ ಮೀರಿದರೂ ಒಂದು ವರ್ಷದವರೆಗೆ ಸಜೆ ಆಗಬಹುದು. ಕಾಳಸಂತೆ ತಡೆಗೆಂದೇ ಇರುವ 1980ರ ಕಾಯಿದೆಯಡಿ ವಿಚಾರಣೆಯಿಲ್ಲದೆ ಆರು ತಿಂಗಳವರೆಗೆ ಬಂಧನದಲ್ಲಿಡಲೂ ಅವಕಾಶವಿದೆ.

ದುರಾಸೆಯಿಲ್ಲದೆ ತಪ್ಪಿದವನ ಗತಿ? ಮಧ್ಯಪ್ರದೇಶದ ಧಾರ್‌ನಲ್ಲಿ ನಾಥೂಲಾಲ್ ಎಂಬ ಧಾನ್ಯ ವ್ಯಾಪಾರಿ ಲೈಸೆನ್ಸಿಲ್ಲದೆ ಗೋಧಿ ಇಟ್ಟಿದ್ದ. ಅರ್ಜಿ ಹಾಕಿ ಶುಲ್ಕ ಕಟ್ಟಿದ್ದ. ಲೈಸೆನ್ಸ್ ಬರುತ್ತದೆಂದು ನಂಬಿ, ಲೆಕ್ಕವನ್ನೂ ಸಲ್ಲಿಸುತ್ತಿದ್ದ. ತಪ್ಪು ಮಾಡುವ ಮನಸ್ಸಿರಲಿಲ್ಲವೆಂದು 1965ರಲ್ಲಿ ಸುಪ್ರೀಂ ಕೋರ್ಟ್ ಅವನನ್ನು ಬಿಡುಗಡೆ ಮಾಡಿತು. 1974ರಲ್ಲಿ ಕಾಯಿದೆಗೆ 10-ಸಿ ಸೆಕ್ಷನ್ ಸೇರಿತು. ಅಲ್ಲಿಂದಾಚೆಗೆ ಕೆಟ್ಟ ಉದ್ದೇಶ ಇತ್ತೆಂದೇ ಕೋರ್ಟು ಭಾವಿಸುತ್ತದೆ; ಇರಲಿಲ್ಲವೆಂದು ಸಂಶಯಕ್ಕೆ ಎಡೆಯಿಲ್ಲದಂತೆ ತೋರಿಸುವ ಹೊಣೆ ವ್ಯಾಪಾರಿಯದು. ಕಳ್ಳನಿಗೆ ಇದು ಸರಿಯಾದ ಕಟ್ಟು. ರಫ್ತು ನಿಂತು ಕಂಗೆಟ್ಟ ಸಣ್ಣ ಮಂಡಿಯವನಿಗೆ ಮಾತ್ರ ಭಾರಿ ಹೊರೆ. ಯಾವ ದಿನ ಎಷ್ಟು ಬಂತು, ಎಷ್ಟು ಹೋಯಿತು, ಎಷ್ಟು ಕೊಳೆತು ಬಿಸಾಡಿದ್ದಾಯಿತು ಎಂದು ಅಂದಂದೇ ಬರೆದ ಪುಸ್ತಕ ಬಿಟ್ಟರೆ ಅವನ ಪರ ಸಾಕ್ಷಿ ಹೇಳುವವರು ಯಾರು?

ನಿಜವಾದ ಪೆಟ್ಟು ಶಿಕ್ಷೆಗೆ ಮೊದಲೇ ಬೀಳುತ್ತದೆ. ಜಪ್ತಿಯಾದ ಸರಕಿನ ವರದಿ ಜಿಲ್ಲಾಧಿಕಾರಿಗೆ ಹೋಗುತ್ತದೆ. ಮೊಕದ್ದಮೆ ಹೂಡಲಿ ಬಿಡಲಿ, ನೋಟೀಸು ಕೊಟ್ಟು ಅಹವಾಲು ಕೇಳಿದ ಮೇಲೆ ಅವರು ಸರಕನ್ನೂ, ಸಾಗಿಸಿದ ಲಾರಿಯನ್ನೂ ಮುಟ್ಟುಗೋಲು ಹಾಕಿಕೊಳ್ಳಬಹುದು. ಮೇಲ್ಮನವಿಗೆ ಒಂದು ತಿಂಗಳ ಅವಧಿ. ಈರುಳ್ಳಿ ಅಷ್ಟು ದಿನ ಕಾಯುವುದಿಲ್ಲವಾದ್ದರಿಂದ ಬೇಗ ಕೆಡುವ ಸರಕೆಂದು ಮೊದಲೇ ಹರಾಜಾಗಬಹುದು. ಮುಂದೆ ವ್ಯಾಪಾರಿ ನಿರ್ದೋಷಿ ಎಂದಾದರೆ ಹರಾಜಿನ ಹಣ, ಖರ್ಚು ಕಳೆದು, ಅವನ ಕೈಸೇರುತ್ತದೆ.