ಕುರ್ಚಿ ಯಾರದೇ ಆಗಲಿ, ಮಕ್ಕಳ ಫೀಸು ನಿಲ್ಲದಿರಲಿ

ಕುಂದಾಪುರ ಬಿಟ್ಟು ಮುಂಬೈಗೆ ಬಂದು ನನಗೆ ಇಪ್ಪತ್ತೆರಡು ವರ್ಷವಾಯಿತು. ಲೆಕ್ಕಪರಿಶೋಧನೆ ನನ್ನ ವೃತ್ತಿ. ನಮ್ಮವರೇ ಕಟ್ಟಿದ ಒಂದು ಟ್ರಸ್ಟ್ ಪ್ರತಿ ಜೂನ್‌ನಲ್ಲಿ ಕೊಡುತ್ತಿದ್ದ ವಿದ್ಯಾರ್ಥಿವೇತನದ ಪಟ್ಟಿ ನೋಡಿಕೊಡುವುದು ನಾನು ಮಾಡುತ್ತಿದ್ದ ಅಳಿಲು ಸೇವೆ. ಮೂರು ವರ್ಷದಿಂದ ಆ ಪಟ್ಟಿಯೇ ತಯಾರಾಗಿಲ್ಲ. ದುಡ್ಡಿಲ್ಲವೆಂದಲ್ಲ, ಠೇವಣಿ ಬ್ಯಾಂಕಿನಲ್ಲಿ ಭದ್ರವಾಗಿದೆ. ಆದರೆ ಈಗ ಇಬ್ಬರು ಅಧ್ಯಕ್ಷರು, ಎರಡು ಲೆಟರ್‌ಹೆಡ್, ಎರಡು ರಬ್ಬರ್ ಸ್ಟ್ಯಾಂಪ್. ಚೆಕ್ಕಿಗೆ ಯಾರು ಸಹಿ ಹಾಕಬೇಕೆಂದು ತೀರ್ಮಾನವಾಗಲಿ ಎಂದು ಬ್ಯಾಂಕಿನವರು ಖಾತೆ ತಡೆಹಿಡಿದಿದ್ದಾರೆ.

ಕಳೆದ ವಾರ ಕ್ಯಾಂಟೀನಿನಲ್ಲಿ ದುಡಿಯುವ ಊರಿನವರೊಬ್ಬರು ಫೋನ್ ಮಾಡಿದರು. "ಮಗಳ ನರ್ಸಿಂಗ್ ಫೀಸು ಕಟ್ಟಬೇಕು ಮಾರಾಯ್ರೆ, ಈ ವರ್ಷವಾದರೂ ಸಿಕ್ಕೀತಾ?" ಏನೆಂದು ಹೇಳಲಿ?

ಇಂಥ ಜಗಳ ದೊಡ್ಡವರನ್ನೂ ಬಿಟ್ಟಿಲ್ಲ. ಲೀಲಾವತಿ ಆಸ್ಪತ್ರೆ ನಡೆಸುವ ಟ್ರಸ್ಟಿನ ಹಿಡಿತಕ್ಕಾಗಿ ಸ್ಥಾಪಕರ ಕುಟುಂಬದವರೇ ವರ್ಷಗಟ್ಟಲೆ ಕೋರ್ಟು ಹತ್ತಿದರು. 2025ರಲ್ಲಿ ಟಾಟಾ ಟ್ರಸ್ಟ್ಸ್‌ನಲ್ಲಿ ಟ್ರಸ್ಟಿಯೊಬ್ಬರ ಮರುನೇಮಕದ ವಿಷಯ ಚಾರಿಟಿ ಕಮಿಷನರ್ ಮುಂದೆ ಕೇವಿಯಟ್ ಸಲ್ಲಿಸುವವರೆಗೂ ಹೋಯಿತು. ಕೊನೆಗೆ ಅವರೇ ಹಿಂದೆ ಸರಿದರು.

ನಮ್ಮ ಸಂಘಗಳಲ್ಲಿ ವ್ಯಾಜ್ಯ ಹುಟ್ಟುವುದು ಹೆಚ್ಚಾಗಿ ಸಣ್ಣ ಕಾಗದದಿಂದ. 1950ರ ಮಹಾರಾಷ್ಟ್ರ ಸಾರ್ವಜನಿಕ ಟ್ರಸ್ಟ್ ಕಾಯ್ದೆಯ 22ನೇ ಕಲಮಿನ ಪ್ರಕಾರ ಟ್ರಸ್ಟಿಗಳು ಬದಲಾದರೆ 90 ದಿನದೊಳಗೆ ಚಾರಿಟಿ ಕಮಿಷನರ್ ಕಚೇರಿಗೆ 'ಚೇಂಜ್ ರಿಪೋರ್ಟ್' ಕೊಡಬೇಕು. ನಾವು ಹಾರ ಹಾಕಿ, ಫೋಟೊ ತೆಗೆಸಿ, ಊಟ ಮುಗಿಸಿ ಮನೆಗೆ ಹೋಗುತ್ತೇವೆ. ರಿಪೋರ್ಟು ಮರೆತೇ ಹೋಗುತ್ತದೆ. ತೀರಿಹೋದವರ ಹೆಸರು ಕಚೇರಿಯ ದಾಖಲೆಯಲ್ಲಿ ಉಳಿದಿರುತ್ತದೆ. ಸದಸ್ಯರ ಪಟ್ಟಿ ಹಳತು, ಮಹಾಸಭೆಯ ನೋಟಿಸು ಎಲ್ಲರಿಗೂ ತಲುಪಿಲ್ಲ. ಸೋತವರ ಕಡೆಯ ವಕೀಲರಿಗೆ ಇಷ್ಟು ಸಾಕು. ಆಕ್ಷೇಪಣೆ, ವಿಚಾರಣೆ, ಮೇಲ್ಮನವಿ ಎನ್ನುವಷ್ಟರಲ್ಲಿ ಆ ಸಮಿತಿಯ ಅವಧಿಯೇ ಮುಗಿದಿರುತ್ತದೆ.

ಹಾಗೆಂದು ಕೋರ್ಟಿಗೆ ಹೋಗಲೇಬಾರದು, ಮನೆಯ ಜಗಳ ಮನೆಯಲ್ಲೇ ಇರಲಿ ಎನ್ನುವವರ ಮಾತನ್ನು ನಾನು ಒಪ್ಪುವುದಿಲ್ಲ. ಟ್ರಸ್ಟ್ ಯಾರ ಮನೆಯೂ ಅಲ್ಲ. ಅದರ ಜಾಗ ಮಾರಲು ಕಮಿಷನರರ ಪೂರ್ವಾನುಮತಿ ಬೇಕೆನ್ನುವ 36ನೇ ಕಲಂ ಇಲ್ಲದಿದ್ದರೆ ಮುಂಬೈಯಂಥ ಊರಲ್ಲಿ ಎಷ್ಟು ಸಭಾಭವನಗಳು ಉಳಿಯುತ್ತಿದ್ದವೋ! ಚಾರಿಟಿ ಕಮಿಷನರ್ ಇಲ್ಲದ ದೆಹಲಿಯಂಥ ಕಡೆಯೂ ಸಾರ್ವಜನಿಕ ಟ್ರಸ್ಟಿನ ಹಿತಾಸಕ್ತಿಯುಳ್ಳ ಇಬ್ಬರು ಸೇರಿ, ಕೋರ್ಟಿನ ಅನುಮತಿ ಪಡೆದು, ಸಿವಿಲ್ ಪ್ರೊಸೀಜರ್ ಕೋಡ್‌ನ 92ನೇ ಕಲಮಿನಡಿ ದಾವೆ ಹೂಡಬಹುದು. ದುರುಪಯೋಗ ಕಂಡವರು ಹೋಗಲೇಬೇಕು.

ನನ್ನ ತಕರಾರು ಬೇರೆ. ಅಧ್ಯಕ್ಷರು ಯಾರೆಂಬ ಪ್ರಶ್ನೆ ಬಗೆಹರಿಯುವವರೆಗೆ ಮಕ್ಕಳ ಫೀಸು ಯಾಕೆ ನಿಲ್ಲಬೇಕು? ಟ್ರಸ್ಟಿನ ಆದಾಯ ಅದರ ಉದ್ದೇಶಕ್ಕೇ ಬಳಕೆಯಾಗುವಂತೆ ನಿರ್ದೇಶನ ಕೊಡುವ ಅಧಿಕಾರ 41ಎ ಕಲಮಿನಲ್ಲಿ ಕಮಿಷನರಿಗೆ ಇದೆ. ಎರಡೂ ಬಣ ಸೇರಿ, "ನಮ್ಮ ಜಗಳ ನಡೆಯಲಿ, ವಿದ್ಯಾರ್ಥಿವೇತನ ಮಾತ್ರ ಬಿಡುಗಡೆಯಾಗಲಿ" ಎಂದು ಒಂದು ಅರ್ಜಿ ಹಾಕಬಹುದಲ್ಲ? ಈ ಮಾತನ್ನು ಇಬ್ಬರು ಅಧ್ಯಕ್ಷರಿಗೂ ಹೇಳಿದ್ದೇನೆ. "ಮೊದಲು ಅವರು ಸಹಿ ಮಾಡಲಿ" ಎಂದರು ಇಬ್ಬರೂ.

ತಪ್ಪು ಅವರದಷ್ಟೇ ಅಲ್ಲ. ಮೊದಲ ಮಹಾಸಭೆಯಲ್ಲಿ ಚೇಂಜ್ ರಿಪೋರ್ಟಿನ ವಿಷಯ ಕೇಳದೆ ಯಕ್ಷಗಾನ ಶುರುವಾಗುವ ಹೊತ್ತಿಗೆ ಸರಿಯಾಗಿ ಬಂದು ಕೂತವರಲ್ಲಿ ನಾನೂ ಒಬ್ಬ. ನಿಮ್ಮೂರಿನ ಸಂಘದಲ್ಲಿ ನೀವು ಸದಸ್ಯರಾಗಿದ್ದರೆ ಮುಂದಿನ ಸಭೆಯಲ್ಲಿ ಮೂರು ವಿಷಯ ಕೇಳಿ: ಸರ್ಕಾರಿ ದಾಖಲೆಯಲ್ಲಿ ಈಗ ಯಾರ ಹೆಸರಿದೆ? ಸದಸ್ಯರ ಪಟ್ಟಿ ಪರಿಷ್ಕರಣೆಯಾಗಿದ್ದು ಯಾವಾಗ? ಒಬ್ಬರು ಎಷ್ಟು ವರ್ಷ ಪದಾಧಿಕಾರಿಯಾಗಿ ಇರಬಹುದು?

ಜೂನ್ ಮತ್ತೆ ಬರುತ್ತದೆ. ಆ ಅರ್ಜಿಯ ಕರಡನ್ನು ನಾನೇ ಟೈಪ್ ಮಾಡಿ ಇಟ್ಟುಕೊಂಡಿದ್ದೇನೆ. ಕೆಳಗೆ ಎರಡು ಸಹಿಗೆ ಜಾಗ ಖಾಲಿಯಿದೆ.